ಧಾರ್ಮಿಕ ಟ್ರಸ್ಟ್‌ಗಳ ಆಡಳಿತ ವ್ಯಾಜ್ಯ: ನ್ಯಾಯಾಲಯದಲ್ಲಿ ಪರಿಹಾರದ ದಾರಿ

ಹೊರನಾಡು, ಕಳಸ, ಮೂಡಿಗೆರೆಯ ಕಾಫಿ ಸೀಮೆಯಲ್ಲಿ ದೇವಸ್ಥಾನ, ಬಸದಿಗಳ ಆಡಳಿತ ಮನೆತನಗಳ ಹೊಣೆಯಾಗಿ ಬಂದಿರುವುದುಂಟು. ಹೊರನಾಡಿನ ಶ್ರೀ ಅನ್ನಪೂರ್ಣೇಶ್ವರಿ ದೇವಸ್ಥಾನವನ್ನು ವಂಶಪಾರಂಪರ್ಯವಾಗಿ ಧರ್ಮಕರ್ತರು ನಡೆಸಿಕೊಂಡು ಬಂದಿದ್ದಾರೆ. ಕಳಸ-ಕಾರ್ಕಳ ರಾಜ್ಯವನ್ನಾಳಿದ ಭೈರರಸರು ಜೈನರು. 1432ರಲ್ಲಿ ಕಾರ್ಕಳದಲ್ಲಿ ಬಾಹುಬಲಿ ಮೂರ್ತಿಯನ್ನು ಪ್ರತಿಷ್ಠಾಪಿಸಿದ ವೀರಪಾಂಡ್ಯ ಇದೇ ವಂಶದವನು. ಇದೇ ಜಿಲ್ಲೆಯ ನರಸಿಂಹರಾಜಪುರದಲ್ಲಿ ಸಿಂಹನಗದ್ದೆ ಜೈನ ಮಠವಿದೆ. ಹಿರಿಯರು ಬಿಟ್ಟ ಜಮೀನು, ಕಾಣಿಕೆ, ಆಭರಣಗಳ ಲೆಕ್ಕದ ಬಗ್ಗೆ ಭಿನ್ನಾಭಿಪ್ರಾಯ ಬಂದಾಗ ಕಾನೂನು ಏನು ಹೇಳುತ್ತದೆ ಎಂಬುದನ್ನು ಸಮಾಜದ ಪ್ರತಿ ಕುಟುಂಬವೂ ತಿಳಿದಿರುವುದು ಒಳ್ಳೆಯದು.

ಕಲಂ 92ರ ದಾವೆ

ಸಾರ್ವಜನಿಕ ಧಾರ್ಮಿಕ ಅಥವಾ ದತ್ತಿ ಟ್ರಸ್ಟಿನಲ್ಲಿ ನಂಬಿಕೆದ್ರೋಹ ನಡೆದಿದೆ ಎಂಬ ಆರೋಪವಿದ್ದರೆ, ಅಥವಾ ಆಡಳಿತಕ್ಕೆ ನ್ಯಾಯಾಲಯದ ನಿರ್ದೇಶನ ಬೇಕಾದರೆ, 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ ಕಲಂ 92 ಅನ್ವಯಿಸುತ್ತದೆ. ಟ್ರಸ್ಟಿನಲ್ಲಿ ಹಿತಾಸಕ್ತಿಯುಳ್ಳ ಕನಿಷ್ಠ ಇಬ್ಬರು ಸೇರಿ, ನ್ಯಾಯಾಲಯದ ಅನುಮತಿ ಪಡೆದು ದಾವೆ ಹೂಡಬೇಕು. ಅಡ್ವೊಕೇಟ್ ಜನರಲ್ ಕೂಡ ಹೂಡಬಹುದು. ಹೊರನಾಡು ಭಾಗದ ಟ್ರಸ್ಟ್ ಆದರೆ ಚಿಕ್ಕಮಗಳೂರು ಜಿಲ್ಲಾ ನ್ಯಾಯಾಲಯದ ವ್ಯಾಪ್ತಿಗೆ ಬರುತ್ತದೆ. ಟ್ರಸ್ಟಿಯನ್ನು ತೆಗೆಯುವುದು, ಹೊಸಬರನ್ನು ನೇಮಿಸುವುದು, ಲೆಕ್ಕಪತ್ರ ಒಪ್ಪಿಸುವಂತೆ ಆದೇಶಿಸುವುದು, ಆಸ್ತಿಯ ಮಾರಾಟ ಅಥವಾ ಅಡಮಾನಕ್ಕೆ ಅನುಮತಿ ಕೊಡುವುದು, ಆಡಳಿತಕ್ಕೆ 'ಸ್ಕೀಮ್' ರೂಪಿಸುವುದು ಇವೆಲ್ಲ ನ್ಯಾಯಾಲಯ ಕೊಡಬಹುದಾದ ಪರಿಹಾರಗಳು.

ಈ ದಾವೆ ಇಡೀ ಭಕ್ತಸಮೂಹದ ಪರವಾದದ್ದು. ಆದ್ದರಿಂದ ತೀರ್ಪು ಟ್ರಸ್ಟಿನಲ್ಲಿ ಹಿತಾಸಕ್ತಿಯುಳ್ಳ ಎಲ್ಲರಿಗೂ ಅನ್ವಯಿಸುತ್ತದೆ ಎಂದು ಸುಪ್ರೀಂ ಕೋರ್ಟ್ 1989ರ ವೇಣುಗೋಪಾಲ ನಾಯ್ಡು ಪ್ರಕರಣದಲ್ಲಿ ಹೇಳಿದೆ. ತನ್ನ ಸ್ವಂತ ಹಕ್ಕಿಗಾಗಿ ಹೂಡುವ ದಾವೆ ಕಲಂ 92ರ ಅಡಿ ಬರುವುದಿಲ್ಲ ಎಂದು 1974ರ ಸ್ವಾಮಿ ಪರಮಾತ್ಮಾನಂದ ಸರಸ್ವತಿ ಪ್ರಕರಣದಲ್ಲಿ ತೀರ್ಮಾನವಾಗಿದೆ. 'ನಾನೇ ಟ್ರಸ್ಟಿ' ಎಂಬ ವಾದಕ್ಕೆ ಸಾಮಾನ್ಯ ಸಿವಿಲ್ ದಾವೆಯೇ ದಾರಿ.

ಜೈನರಿಗೆ ಮುಖ್ಯವಾದ ತೀರ್ಪು

1954ರ ರತಿಲಾಲ್ ಪಾನಾಚಂದ್ ಗಾಂಧಿ ಪ್ರಕರಣದ ಒಬ್ಬ ಅರ್ಜಿದಾರರು ಜೈನ ದೇವಾಲಯವೊಂದರ ವ್ಯವಸ್ಥಾಪಕರಾಗಿದ್ದರು. ಪ್ರಶ್ನೆಗೆ ಒಳಗಾದದ್ದು 1950ರ ಬಾಂಬೆ ಸಾರ್ವಜನಿಕ ಟ್ರಸ್ಟ್ ಕಾಯ್ದೆ. ಆಗ ಬಾಂಬೆ ರಾಜ್ಯದಲ್ಲಿದ್ದ ಬೆಳಗಾವಿ, ಧಾರವಾಡ, ವಿಜಾಪುರ, ಉತ್ತರ ಕನ್ನಡ ಜಿಲ್ಲೆಗಳೂ ಅದರ ವ್ಯಾಪ್ತಿಯಲ್ಲಿದ್ದವು. ಧಾರ್ಮಿಕ ಆಸ್ತಿಯ ಆಡಳಿತವನ್ನು ಸರ್ಕಾರ ಕಾನೂನಿನ ಮೂಲಕ ನಿಯಂತ್ರಿಸಬಹುದು. ಆದರೆ ಆಡಳಿತದ ಹಕ್ಕನ್ನು ಪಂಥದಿಂದ ಪೂರ್ತಿ ಕಿತ್ತು ಬೇರೆಯವರ ಕೈಗೆ ಕೊಡುವಂತಿಲ್ಲ ಎಂದು ಸುಪ್ರೀಂ ಕೋರ್ಟ್ ಸ್ಪಷ್ಟಪಡಿಸಿತು. ಧರ್ಮಕಾರ್ಯಕ್ಕೆ ಮೀಸಲಿಟ್ಟ ಹಣ ಆ ಕಾರ್ಯಕ್ಕೆ ಸಲ್ಲಿಸಲು ಸಾಧ್ಯವಿರುವಾಗ ಅದನ್ನು ಬೇರೆಡೆಗೆ ತಿರುಗಿಸುವುದೂ ತಪ್ಪೆಂದು ಹೇಳಿತು.

ಪೂಜೆಯ ವಿಧಿ ಹೀಗೇ ಇರಬೇಕು ಎಂಬ ಶುದ್ಧ ಆಚರಣೆಯ ಪ್ರಶ್ನೆಯನ್ನು ಸಿವಿಲ್ ನ್ಯಾಯಾಲಯ ಕೈಗೆತ್ತಿಕೊಳ್ಳುವುದಿಲ್ಲ. ಆದರೆ ಪೂಜಿಸುವ ಹಕ್ಕು ಸಿವಿಲ್ ಹಕ್ಕು. ಪರೋಲಿ ಗ್ರಾಮದ ದೇವಾಲಯದ ಬಗ್ಗೆ ದಿಗಂಬರ-ಶ್ವೇತಾಂಬರರ ನಡುವೆ ನಡೆದ ಉಗಮಸಿಂಗ್-ಕೇಸರಿಮಲ್ ವ್ಯಾಜ್ಯದಲ್ಲಿ ಸುಪ್ರೀಂ ಕೋರ್ಟ್ ಇದನ್ನೇ ಎತ್ತಿಹಿಡಿಯಿತು.

ವ್ಯಾಜ್ಯದ ಅವಧಿಯಲ್ಲಿ

ದಾವೆ ವರ್ಷಗಟ್ಟಲೆ ನಡೆದರೂ ನಿತ್ಯ ಅಭಿಷೇಕ, ಪೂಜೆ ನಿಲ್ಲಬಾರದು. ಆಸ್ತಿ ಕೈಬಿಟ್ಟು ಹೋಗುವ ಭಯವಿದ್ದರೆ ತಡೆಯಾಜ್ಞೆ ಕೋರಬಹುದು, ಅಥವಾ ರಿಸೀವರ್ ನೇಮಕಕ್ಕೆ ಅರ್ಜಿ ಸಲ್ಲಿಸಬಹುದು. ಎರಡೂ ಕಡೆಯವರು ಒಪ್ಪುವ ಸಾಧ್ಯತೆ ಕಂಡರೆ ನ್ಯಾಯಾಲಯವೇ ಕಲಂ 89ರಂತೆ ಮಧ್ಯಸ್ಥಿಕೆಗೆ ಕಳುಹಿಸಬಹುದು. ಕಲಂ 92ರ ದಾವೆಯಲ್ಲಿ ರಾಜಿಗೆ ನ್ಯಾಯಾಲಯದ ಒಪ್ಪಿಗೆ ಬೇಕು.

ಕುಟುಂಬಗಳು ಗಮನಿಸಬೇಕಾದದ್ದು

ಟ್ರಸ್ಟ್ ಪತ್ರದಲ್ಲಿ ಟ್ರಸ್ಟಿಗಳ ಆಯ್ಕೆ, ಅವಧಿ, ನಿವೃತ್ತಿಯ ಕ್ರಮ ಸ್ಪಷ್ಟವಾಗಿರಲಿ. ಜಮೀನಿನ ಪಹಣಿ ದೇವರ ಅಥವಾ ಟ್ರಸ್ಟಿನ ಹೆಸರಿನಲ್ಲೇ ಇರಲಿ. ಆಭರಣಗಳ ಪಟ್ಟಿಯನ್ನು ಸಾಕ್ಷಿಗಳ ಸಹಿಯೊಂದಿಗೆ ಇಡಬೇಕು. ವರ್ಷದ ಲೆಕ್ಕವನ್ನು ಸಭೆಯಲ್ಲಿ ಓದಿ ಹೇಳಬೇಕು. ಇಷ್ಟು ಪಾಲಿಸಿದರೆ ಹಲವು ವ್ಯಾಜ್ಯಗಳು ನ್ಯಾಯಾಲಯದ ಮೆಟ್ಟಿಲು ಹತ್ತುವ ಮೊದಲೇ ಬಗೆಹರಿಯುತ್ತವೆ.