ವೀಸ, ಕೊಳಗ, ನಿರುದ್ಧ

ಕನ್ನಡದ ಭಿನ್ನರಾಶಿಗಳ ಹೆಸರುಗಳನ್ನು ಸಾಲಾಗಿ ಹೇಳಿಕೊಂಡು ನೋಡಿ: ಅರೆ, ಕಾಲು, ಅರೆಕಾಲು, ವೀಸ. ಅರೆಯ ಅರೆ ಕಾಲು. ಕಾಲಿನ ಅರೆ ಅರೆಕಾಲು. ಅದರ ಅರೆ ವೀಸ, ಎಂದರೆ ಹದಿನಾರರಲ್ಲೊಂದು. ಭಾಷೆಯನ್ನು ಪಾಠಹೇಳುವ ನನಗೆ ಇದರಲ್ಲಿ ನಮ್ಮ ಹಿರಿಯರ ಜಾಣತನ ಕಾಣುತ್ತದೆ. ಇವೆಲ್ಲ ಒಂದೇ ಮನೆತನದವು. ಎಲ್ಲವನ್ನೂ ವೀಸಕ್ಕೆ ಇಳಿಸಿಬಿಟ್ಟರೆ ಕೂಡುವುದೂ ಕಳೆಯುವುದೂ ಬೆರಳೆಣಿಕೆಯ ಕೆಲಸ. ಕೂಲಿಮಠದ ಐಗಳು ಕಾಲು, ಅರೆ, ಮುಕ್ಕಾಲಿನ ಮಗ್ಗಿಗಳನ್ನು ಬಾಯಿಪಾಠ ಮಾಡಿಸಿದರೆ ಸಾಕಾಗುತ್ತಿತ್ತು. ಛೇದವೆಂಬ ಮಾತನ್ನೇ ಎತ್ತಬೇಕಾಗಿರಲಿಲ್ಲ.

ತೊಡಕು ಹುಟ್ಟುವುದು ಬೇರೆ ಬೇರೆ ಮನೆತನಗಳು ಒಂದೇ ಲೆಕ್ಕದಲ್ಲಿ ಸೇರಿದಾಗ. ಸಕಲೇಶಪುರ, ಆಲೂರುಗಳ ಬೆಟ್ಟಸೀಮೆಯಲ್ಲಿ ಅವು ಧಾರಾಳವಾಗಿ ಸೇರಿದ್ದವು. ಗದ್ದೆಯ ಭತ್ತಕ್ಕೆ ಖಂಡುಗ. ಖಂಡುಗಕ್ಕೆ ಇಪ್ಪತ್ತು ಕೊಳಗ. ರೂಪಾಯಿಗೆ ಹದಿನಾರಾಣೆ, ಆಣೆಗೆ ಹನ್ನೆರಡು ಪೈ. ೧೯ನೆಯ ಶತಮಾನದಲ್ಲಿ ಮಂಜರಾಬಾದಿಗೆ (ಸಕಲೇಶಪುರದ ಸೀಮೆಗೆ ಆಗಿನ ಹೆಸರು ಇದು) ಆಂಗ್ಲ ತೋಟಗಾರರು ಬಂದಮೇಲೆ ಕಾಫಿಗೆ ಹಂಡ್ರೆಡ್‌ವೇಟ್ ಬಂತು. ಹೆಸರಿಗೆ ನೂರು, ತೂಕಕ್ಕೆ ನೂರಹನ್ನೆರಡು ಪೌಂಡು! ಹೀಗೆ ಎರಡರ ಮನೆಗೆ ಐದೂ ಮೂರೂ ಏಳೂ ನೆಂಟರಾಗಿ ಬಂದು ಕುಳಿತವು.

ಗೇಣಿಯ ಲೆಕ್ಕವೊಂದನ್ನು ಊಹಿಸಿಕೊಳ್ಳೋಣ. ಒಕ್ಕಲಿನವನ ಬಾಕಿ ಐದೂಕಾಲು ಖಂಡುಗ. ಸುಗ್ಗಿಯಲ್ಲಿ ಅವನು ಅಳೆದುಕೊಟ್ಟದ್ದು ಎರಡು ಖಂಡುಗ ಏಳು ಕೊಳಗ. ಉಳಿದದ್ದೆಷ್ಟು? ಒಂದು ಕಡೆ ನಾಲ್ಕರ ಛೇದ, ಇನ್ನೊಂದು ಕಡೆ ಇಪ್ಪತ್ತರದು. ಕಾಲು ಖಂಡುಗವೆಂದರೆ ಐದು ಕೊಳಗ; ಐದರಲ್ಲಿ ಏಳು ಹೋಗದು. ಆದ್ದರಿಂದ ಐದು ಖಂಡುಗಗಳಲ್ಲಿ ಒಂದನ್ನು ಒಡೆಯಬೇಕು. ಆಗ ಇಪ್ಪತ್ತೈದು ಕೊಳಗದಲ್ಲಿ ಏಳು ಹೋಗಿ ಹದಿನೆಂಟು, ನಾಲ್ಕು ಖಂಡುಗದಲ್ಲಿ ಎರಡು ಹೋಗಿ ಎರಡು. ಇಂದಿನ ಮಕ್ಕಳು ಮಾಡುವಂತೆ ಏಳರಲ್ಲಿಯೇ ಐದನ್ನು ಕಳೆದರೆ ಬರುವ ಉತ್ತರ ಮೂರು ಖಂಡುಗ ಎರಡು ಕೊಳಗ. ಮಕ್ಕಳಿಗೆ ಹೋಗುವುದು ಅಂಕ. ಒಕ್ಕಲಿನವನ ಮನೆಯಿಂದಾದರೋ ನಾಲ್ಕು ಕೊಳಗ ಭತ್ತ ಹೆಚ್ಚಾಗಿ ಹೋಗುತ್ತಿತ್ತು. ಲೆಕ್ಕ ಬರೆಯುವವರು ಯಾವಾಗಲೂ ಧಣಿಯ ಜಗಲಿಯಲ್ಲಿಯೇ ಕುಳಿತವರಷ್ಟೆ.

ಎಂಥ ಛೇದಗಳಿದ್ದರೂ ಹೊಂದಿಸುವ ಉಪಾಯವನ್ನು ಕನ್ನಡನಾಡಿನಲ್ಲಿಯೇ ಒಬ್ಬನು ಬಹು ಹಿಂದೆ ಹೇಳಿದ್ದ. ೯ನೆಯ ಶತಮಾನದಲ್ಲಿ, ಅಮೋಘವರ್ಷ ನೃಪತುಂಗನ ಕಾಲದಲ್ಲಿ, ಮಹಾವೀರಾಚಾರ್ಯನು ಸಂಸ್ಕೃತದಲ್ಲಿ ರಚಿಸಿದ ‘ಗಣಿತಸಾರಸಂಗ್ರಹ’ದಲ್ಲಿ ಅದಕ್ಕೆ ‘ನಿರುದ್ಧ’ವೆಂದು ಹೆಸರು. ಶಾಲೆಯಲ್ಲಿ ನಾವು ಲ.ಸಾ.ಅ. ಎಂದು ಕಲಿತದ್ದು ಅದನ್ನೇ. ಅವನ ಲೆಕ್ಕಗಳೂ ಸ್ವಾರಸ್ಯದವು. ಪ್ರಣಯಕಲಹದಲ್ಲಿ ಹರಿದ ಹಾರದ ಮುತ್ತುಗಳಲ್ಲಿ ಮೂರರಲ್ಲೊಂದು ಪಾಲು ದಾಸಿಗೆ ಸಿಕ್ಕಿ, ಆರರಲ್ಲೊಂದು ಹಾಸಿಗೆಯ ಮೇಲೆ ಬಿದ್ದು, ಮಿಕ್ಕದ್ದರ ಅರೆ, ಅದರಲ್ಲುಳಿದುದರ ಅರೆ ಎಂದು ಆರು ಸಲ ಚದರಿ, ಕೊನೆಗೆ ೧,೧೬೧ ಉಳಿಯುತ್ತವೆ. ಮೊದಲು ಇದ್ದದ್ದು ೧,೪೮,೬೦೮! ಅಷ್ಟು ಮುತ್ತಿನ ಹಾರವನ್ನು ಹೊತ್ತ ಕೊರಳಿನ ಗತಿಯನ್ನು ಆಚಾರ್ಯನು ವಿಚಾರಿಸಲಿಲ್ಲ. ೧೨ನೆಯ ಶತಮಾನದಲ್ಲಿ ರಾಜಾದಿತ್ಯನು ಗಣಿತವನ್ನು ಕನ್ನಡಕ್ಕೇ ತಂದು ‘ವ್ಯವಹಾರಗಣಿತ’ವನ್ನು ಬರೆದ.

೧೯೫೭ರ ಏಪ್ರಿಲ್ ೧ರಂದು ರೂಪಾಯಿಗೆ ನೂರು ಪೈಸೆಯಾಯಿತು. ಮುಂದೆ ಕೊಳಗ, ಪೌಂಡುಗಳೂ ವ್ಯವಹಾರದಿಂದ ಸರಿದವು. ನೆಲ ಮಾತ್ರ ದಶಮಾಂಶಕ್ಕೆ ಒಲಿಯಲಿಲ್ಲ. ಪಹಣಿಯಲ್ಲಿ ಈಗಲೂ ಎಕರೆಗೆ ನಲವತ್ತು ಗುಂಟೆ, ಗುಂಟೆಗೆ ಹದಿನಾರಾಣೆ. ಮೂರೂಮುಕ್ಕಾಲು ಎಕರೆ ತೋಟದಲ್ಲಿ ಒಂದು ಎಕರೆ ಮೂವತ್ತಮೂರು ಗುಂಟೆ ಅಣ್ಣನಿಗೆ ಹೋದರೆ ತಮ್ಮನಿಗೆ ಉಳಿಯುವುದು ಒಂದು ಎಕರೆ ಮೂವತ್ತೇಳು ಗುಂಟೆ. ಮೂವತ್ತರಲ್ಲಿ ಮೂವತ್ತಮೂರು ಹೋಗದ್ದರಿಂದ ಅಲ್ಲಿಯೂ ಒಂದು ಎಕರೆಯನ್ನು ಒಡೆಯಲೇಬೇಕು.