ತಲೆ ಇಲ್ಲದ ಗಂಡಸು

ಫೋಟೋದಲ್ಲಿ ಗಂಡಸಿನ ತಲೆ ಇಲ್ಲ. ಅವನ್ಯಾರು ಅನ್ನೋದು ಇವತ್ತಿಗೂ ಬರೀ ಊಹಾಪೋಹ. ಆದರೆ ಜೊತೆಗಿದ್ದ ಹೆಂಗಸಿನ ಹೆಸರು ಇಡೀ ಬ್ರಿಟನ್ನಿಗೆ ಗೊತ್ತಾಯ್ತು. ಕೊರಳಲ್ಲಿ ಮೂರೆಳೆ ಮುತ್ತಿನ ಸರ. ಆಕೆ ಮಾರ್ಗರೆಟ್, ಡಚೆಸ್ ಆಫ್ ಆರ್ಗೈಲ್.

ಯಾರೀ ಮಾರ್ಗರೆಟ್? 1912ರಲ್ಲಿ ಹುಟ್ಟಿದ, ಸ್ಕಾಟ್ಲೆಂಡಿನ ಕೋಟ್ಯಧಿಪತಿಯೊಬ್ಬರ ಒಬ್ಬಳೇ ಮಗಳು. 1930ರಲ್ಲಿ ಲಂಡನ್ನಿನ ಸಿರಿವಂತರ ಕೂಟಗಳಿಗೆ ಕಾಲಿಟ್ಟಾಗ ಪತ್ರಿಕೆಗಳು ತಲೆ ಮೇಲೆ ಹೊತ್ತು ಮೆರೆಸಿದವು. 1933ರ ಆಕೆಯ ಮದುವೆಗೆ ಉಡುಪು ಸಿದ್ಧಪಡಿಸಿದ್ದು ನಾರ್ಮನ್ ಹಾರ್ಟ್ನೆಲ್. ಅದನ್ನು ನೋಡಲು ಬಂದ ಜನರಿಂದ ರಸ್ತೆಯೇ ಜಾಮ್! ಆ ಮದುವೆ ಮುರಿಯಿತು. 1951ರಲ್ಲಿ ಆರ್ಗೈಲ್ ಡ್ಯೂಕನ ಕೈಹಿಡಿದಳು. ಅವನಿಗದು ಮೂರನೇ ಮದುವೆ.

ಹೆಂಡತಿ ಮನೆಯಲ್ಲಿಲ್ಲದಾಗ ಡ್ಯೂಕ್ ಆಕೆಯ ಬೀರುವಿನ ಬೀಗ ತೆಗೆಸಿದ. ಸಿಕ್ಕಿದ್ದೇ ಆ ಫೋಟೋಗಳು. 1963ರಲ್ಲಿ ಎಡಿನ್‌ಬರೋ ಕೋರ್ಟು ವಿಚ್ಛೇದನ ಕೊಟ್ಟಿತು. ನ್ಯಾಯಾಧೀಶ ಲಾರ್ಡ್ ವೀಟ್ಲಿ ತೀರ್ಪಿನಲ್ಲಿ ಆಕೆಯ ನಡತೆಯನ್ನು ಜಾಲಾಡಿಬಿಟ್ಟರು. ಮೆರೆಸಿದ್ದ ಪತ್ರಿಕೆಗಳಿಗೇ ಈಗ ಹಬ್ಬ. ಡ್ಯೂಕ್ ಅದೇ ವರ್ಷ ನಾಲ್ಕನೇ ಮದುವೆಯಾದ. ಮಾರ್ಗರೆಟ್ ದುಡ್ಡೆಲ್ಲ ಕರಗಿ, 1993ರಲ್ಲಿ ಲಂಡನ್ನಿನ ನರ್ಸಿಂಗ್ ಹೋಮೊಂದರಲ್ಲಿ ಕೊನೆಯುಸಿರೆಳೆದಳು.

ಆಕೆ ಸಾಚಾ ಅಂತ ನಾನು ವಾದಿಸುತ್ತಿಲ್ಲ. ಆದರೆ ಬೀಗ ತೆಗೆಸಿದವನನ್ನು ಊರು ಕೇಳಿದ್ದೆಷ್ಟು?

ಇವತ್ತು ಅಂಥದ್ದೊಂದು ಫೋಟೋ ನಮ್ಮ ನ್ಯೂಸ್‌ರೂಮಿಗೆ ಬಂದರೆ? ಬ್ಲರ್ ಮಾಡಿ ದಿನವಿಡೀ ತೋರಿಸ್ತೀವಿ. ನೀವೂ ಚಾನೆಲ್ ಬದಲಾಯಿಸದೆ ನೋಡ್ತೀರಿ. ಕದ್ದು ತಂದವರು ಯಾರು ಅಂತ ನಾವೂ ಕೇಳಲ್ಲ, ನೀವೂ ಕೇಳಲ್ಲ. 1963 ಕಳೆದು ಎಷ್ಟು ವರ್ಷವಾಯ್ತು, ಸ್ವಾಮಿ?