ವಕೀಲರು ಬರಲಿಲ್ಲ, ಅಪೀಲು ವಜಾ: ಮುಂದೇನು?

ಕುಂದಾಪುರ, ಬೈಂದೂರು, ಬ್ರಹ್ಮಾವರದ ಕಡೆ ಜಾಗದ ತಕರಾರು, ಕುಟುಂಬದ ಪಾಲಿನ ಕೇಸು ಅಂದ್ರೆ ಅಜ್ಜ ಹಾಕಿದ್ದನ್ನು ಮೊಮ್ಮಗ ನಡೆಸುವ ವ್ಯವಹಾರ. ಎರಡನೇ ಅಪೀಲಿನ ಹಂತಕ್ಕೆ ಬಂದರೆ ಫೈಲು ನಾನೂರು ಕಿಲೋಮೀಟರ್ ದೂರದ ಬೆಂಗಳೂರಿನ ಹೈಕೋರ್ಟಿಗೆ ಹೋಗುತ್ತದೆ. ಊರಿನಲ್ಲಿರುವವರಿಗೆ ಅಲ್ಲಿಯ ಸುದ್ದಿ ಸಿಗುವುದು ವಕೀಲರ ಮೂಲಕ ಮಾತ್ರ. ಆ ವಕೀಲರೇ ವಿಚಾರಣೆಗೆ ಹೋಗದಿದ್ದರೆ?

ನಾನು ಕಾನೂನು ಓದಿದವನಲ್ಲ, ಇಂಜಿನಿಯರಿಂಗ್ ಓದಿದವ. ನನಗೆ ಇದು ಅರ್ಥವಾದದ್ದು ಹೀಗೆ: ಗೈರುಹಾಜರಿಯ ವಜಾ ಅನ್ನುವುದು ತೀರ್ಪಲ್ಲ, ಟೈಮ್‌ಔಟ್.

ಸಿವಿಲ್ ಅಪೀಲು

ಸಿವಿಲ್ ಪ್ರಕ್ರಿಯಾ ಸಂಹಿತೆಯ ಆದೇಶ 41, ನಿಯಮ 17ರ ಪ್ರಕಾರ, ವಿಚಾರಣೆಗೆ ಕರೆದಾಗ ಮೇಲ್ಮನವಿದಾರರಾಗಲೀ ಅವರ ವಕೀಲರಾಗಲೀ ಇಲ್ಲದಿದ್ದರೆ ಕೋರ್ಟು ಅಪೀಲನ್ನು ವಜಾ ಮಾಡಬಹುದು. ಆದರೆ 1976ರ ತಿದ್ದುಪಡಿ ಇದಕ್ಕೊಂದು ವಿವರಣೆ ಸೇರಿಸಿತು: ಹೀಗೆ ಗೈರುಹಾಜರಿಯಲ್ಲಿ ವಜಾ ಮಾಡುವಾಗ 'ನಿಮ್ಮ ವಾದದಲ್ಲಿ ಹುರುಳಿಲ್ಲ' ಅಂತ ತೀರ್ಮಾನಿಸುವಂತಿಲ್ಲ.

ಹಾಗಾಗಿ ಬಾಗಿಲು ಮುಚ್ಚಿಲ್ಲ. ನಿಯಮ 19ರಡಿ ಅಪೀಲನ್ನು ಮತ್ತೆ ದಾಖಲಿಸಿಕೊಳ್ಳಿ ಅಂತ ಅರ್ಜಿ ಹಾಕಬಹುದು. ಗೈರಾಗಲು ಸಾಕಷ್ಟು ಕಾರಣ ಇತ್ತು ಅಂತ ತೋರಿಸಬೇಕು. ಅರ್ಜಿ ತಿರಸ್ಕಾರವಾದರೆ ಅದರ ಮೇಲೂ ಅಪೀಲಿಗೆ ಆದೇಶ 43ರಲ್ಲಿ ಅವಕಾಶವಿದೆ.

ಸಿಕ್ಕಿಹಾಕಿಕೊಳ್ಳುವುದು ಗಡುವಿನಲ್ಲಿ. ಕಾಲಮಿತಿ ಕಾಯ್ದೆಯ ಅನುಚ್ಛೇದ 122ರ ಪ್ರಕಾರ 30 ದಿನ. ಲೆಕ್ಕ ಶುರುವಾಗುವುದು ವಜಾ ಆದ ದಿನದಿಂದ, ನಿಮಗೆ ಗೊತ್ತಾದ ದಿನದಿಂದ ಅಲ್ಲ. ತಡವಾದರೆ ಕಲಂ 5ರಡಿ ವಿಳಂಬ ಮನ್ನಿಸಿ ಅಂತ ಕೇಳಬೇಕು, ಪ್ರತಿ ದಿನದ ತಡಕ್ಕೂ ನಂಬುವಂಥ ವಿವರ ಕೊಡಬೇಕು.

ತಪ್ಪು ವಕೀಲರದ್ದು, ಶಿಕ್ಷೆ ಯಾರಿಗೆ?

1981ರ ರಫೀಕ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್, ವಕೀಲರನ್ನು ನೇಮಿಸಿ ಹಣ ಕೊಟ್ಟು ನಂಬಿಕೊಂಡ ಹಳ್ಳಿಯ ಕಕ್ಷಿದಾರ ಅವರ ಗೈರುಹಾಜರಿಗೆ ಬೆಲೆ ತೆರಬಾರದು ಎಂದಿತು. 200 ರೂಪಾಯಿ ಖರ್ಚನ್ನು ಗೈರಾದ ವಕೀಲರಿಂದಲೇ ವಸೂಲಿ ಮಾಡಲು ಹೇಳಿತು. ಆದರೆ 1993ರ ಸಲಿಲ್ ದತ್ತಾ ಪ್ರಕರಣದಲ್ಲಿ ಅದೇ ಕೋರ್ಟು, ಇದು ಎಲ್ಲರಿಗೂ ಅನ್ವಯಿಸುವ ನಿಯಮವಲ್ಲ ಎಂದು ಕೈಬಿಗಿ ಮಾಡಿತು. ತಿಳಿವಳಿಕೆಯುಳ್ಳ ಕಂಪನಿಯೊಂದು ಎಲ್ಲವನ್ನೂ ವಕೀಲರ ತಲೆಗೆ ಕಟ್ಟುವ ಹಾಗಿಲ್ಲ.

ವಕೀಲರ ಮೇಲೆ ರಾಜ್ಯ ವಕೀಲರ ಪರಿಷತ್ತಿಗೆ ದೂರು ಕೊಡಬಹುದು. ಗ್ರಾಹಕರ ಆಯೋಗಕ್ಕೆ ಹೋಗುವ ದಾರಿ ಈಗ ಇಲ್ಲ. ವಕೀಲರ ಸೇವೆ ಗ್ರಾಹಕ ಸಂರಕ್ಷಣಾ ಕಾಯ್ದೆಯಡಿ ಬರುವುದಿಲ್ಲ ಅಂತ ಸುಪ್ರೀಂ ಕೋರ್ಟ್ 2024ರ ಮೇ 14ರಂದು ಹೇಳಿದೆ.

ಕ್ರಿಮಿನಲ್ ಅಪೀಲು ಬೇರೆ

ಇಲ್ಲಿ ಗೈರುಹಾಜರಿಯೊಂದಕ್ಕೇ ವಜಾ ಮಾಡುವಂತಿಲ್ಲ ಅಂತ 1996ರ ಬಾನಿ ಸಿಂಗ್ ಪ್ರಕರಣದಲ್ಲಿ ಇತ್ಯರ್ಥವಾಗಿದೆ. ಕೋರ್ಟು ದಾಖಲೆ ಓದಿಯೇ ತೀರ್ಪು ಕೊಡಬೇಕು. ಆದರೆ ವಕೀಲರಿಲ್ಲದೆಯೂ ಹಾಗೆ ತೀರ್ಪು ಕೊಡಬಹುದು ಎಂದು ನಮ್ಮದೇ ರಾಜ್ಯದಿಂದ ಹೋದ ಕೆ.ಎಸ್. ಪಾಂಡುರಂಗ ಪ್ರಕರಣ 2013ರಲ್ಲಿ ಸ್ಪಷ್ಟಪಡಿಸಿತು. ಅಂದ್ರೆ ಅಪೀಲು ಉಳಿಯುತ್ತದೆ, ನಿಮ್ಮ ಪರ ಮಾತು ಮಾತ್ರ ಉಳಿಯದೇ ಹೋಗಬಹುದು.

ನೀವು ಮಾಡಬೇಕಾದ್ದು

ವಕೀಲರ ಹತ್ತಿರ ಕೇಸಿನ 16 ಅಂಕಿ-ಅಕ್ಷರಗಳ ಸಿಎನ್‌ಆರ್ ನಂಬರ್ ಕೇಳಿ ಇಟ್ಟುಕೊಳ್ಳಿ. ಇ-ಕೋರ್ಟ್ಸ್ ಆ್ಯಪ್‌ನಲ್ಲಿ ಅದನ್ನು ಹಾಕಿದರೆ ಮುಂದಿನ ದಿನಾಂಕ, ಆದೇಶ ಎಲ್ಲ ಕಾಣುತ್ತದೆ. ಮನೆಯಲ್ಲಿ ಅಪ್ಪ-ಅಮ್ಮನ ಹೆಸರಲ್ಲಿ ಕೇಸಿದ್ದರೆ ಈ ಕೆಲಸ ನಿಮ್ಮದು. ವಕೀಲರು ಬಾರದ ದಿನ ಕಕ್ಷಿದಾರರೇ ಎದ್ದು ನಿಂತು ಸಮಯ ಕೇಳಬಹುದು. ಬೇರೆ ವಕೀಲರನ್ನಿಡಲು ದುಡ್ಡಿಲ್ಲದಿದ್ದರೆ ಕಾನೂನು ನೆರವಿನ ಸಹಾಯವಾಣಿ 15100.

ವಜಾ ಆದೇಶವನ್ನು ಕಕ್ಷಿದಾರರಿಗೆ ನೇರವಾಗಿ ತಿಳಿಸಬೇಕು ಅಂತ ನಿಯಮ 17ರಲ್ಲಿ ಎಲ್ಲೂ ಇಲ್ಲ. ನನ್ನ ತಕರಾರು ಇದೇ. ಬ್ಯಾಂಕು ಹತ್ತು ರೂಪಾಯಿ ಕಡಿತ ಮಾಡಿದರೂ ಮೆಸೇಜ್ ಕಳಿಸುತ್ತದೆ. ಜಾಗ ಹೋಗುವ ಆದೇಶಕ್ಕೂ ಅಷ್ಟು ಕಡ್ಡಾಯವಾಗಲಿ, 30 ದಿನದ ಲೆಕ್ಕ ಆ ಮೆಸೇಜ್ ತಲುಪಿದ ದಿನದಿಂದ ಶುರುವಾಗಲಿ.